ಐದು ಮತ್ತು ಮೂರು: ‘ಸ್ಟೊಮ್ಯಾಟೊಪಾಡ್’ ಅನ್ನುವ ಪದವನ್ನು ಬಳಸೋದು ಹೇಗೆ

ಮಂಡ್ಯದಲ್ಲಿ ಇಪ್ಪತ್ತಾರು ವರ್ಷ ಪ್ರಾಣಿಶಾಸ್ತ್ರ ಪಾಠ ಮಾಡಿದವಳು ನಾನು. ಈಗ ಮೈಸೂರಿನ ಕುವೆಂಪುನಗರದಲ್ಲಿದ್ದೇನೆ. ಬಿ.ಎಸ್ಸಿ. ಓದುವ ಮಕ್ಕಳಿಗೆ ಅಂತ ಯಾರಾದರೂ ನೋಟ್ಸನ್ನು ಕನ್ನಡಕ್ಕೆ ಮಾಡಿ ಕಳಿಸಿದರೆ ತಿದ್ದಿಕೊಡುತ್ತೇನೆ. ಹಾಗೆ ತಿದ್ದಿದ ನೋಟ್ಸೊಂದರಲ್ಲಿ ‘ಸ್ಕ್ವಿಲ್ಲಾ ಹೊಟ್ಟೆಗಾಲಿ ಪ್ರಾಣಿ’ ಅನ್ನುವ ಸಾಲು ಇತ್ತು. ‘ಸ್ಟೊಮ್ಯಾಟೊಪಾಡ್’ ಅನ್ನುವುದನ್ನು ಹಾಗೆ ಕನ್ನಡಕ್ಕೆ ಮಾಡಿದ್ದರು, ನಾನು ಗಮನಿಸಲಿಲ್ಲ. ಅದು ಜೆರಾಕ್ಸ್ ಆಗಿ ನೂರಾರು ಮಕ್ಕಳ ಕೈ ಸೇರಿತು. ಪಾಂಡವಪುರದ ಹುಡುಗಿಯೊಬ್ಬಳು ಫೋನ್ ಮಾಡಿದಳು. “ಮೇಡಂ, ಹೊಟ್ಟೆಗಾಲಿ ಅಂದ್ರೆ ಬಸವನಹುಳ ಅಲ್ವಾ? ಸ್ಕ್ವಿಲ್ಲಾಕ್ಕೂ ಅದೇ ಅಂತ ಬರೆದಿದೆಯಲ್ಲ?”

ಅವಳು ಕೇಳಿದ್ದು ಸರಿ, ತಪ್ಪು ನನ್ನದು. ಆ ರಾತ್ರಿ ನನಗೆ ನಿದ್ದೆ ಬರಲಿಲ್ಲ. ಅವತ್ತಿನಿಂದ ಈ ಒಂದು ಪದವನ್ನು ಯಾರಿಗೆ ಹೇಳಿಕೊಟ್ಟರೂ ಪುಸ್ತಕದಿಂದ ಶುರು ಮಾಡುವುದಿಲ್ಲ, ತಟ್ಟೆಯಿಂದ ಶುರು ಮಾಡುತ್ತೇನೆ. ನೀವೂ ಹಾಗೇ ಮಾಡಿ.

ಮೊದಲು ಪ್ರಾಣಿ ಯಾವುದು ಅಂತ ಹೇಳಿಬಿಡುತ್ತೇನೆ. ಮ್ಯಾಂಟಿಸ್ ಸೀಗಡಿ ಅನ್ನುತ್ತಾರಲ್ಲ, ಅದು. ನೋಟ್ಸಿನಲ್ಲಿದ್ದ ಸ್ಕ್ವಿಲ್ಲಾ ಇದರಲ್ಲೊಂದು ಬಗೆ. ಮುಂಗಾಲು ಮಡಚಿ ಕೈಮುಗಿದ ಹಾಗೆ ಕೂರುವ ಮ್ಯಾಂಟಿಸ್ ಹುಳವನ್ನು ಹೊಲದಲ್ಲಿ ನೋಡಿರುತ್ತೀರಿ. ನಮ್ಮ ಮನೆಯಲ್ಲಿ ಸೂರ್ಯನ ಕುದುರೆ ಅನ್ನುತ್ತಿದ್ದೆವು. ಅದರ ಹಾಗೆಯೇ ಮಡಚುವ ಕೊಂಡಿ ಇರುವುದರಿಂದ ಈ ಹೆಸರು. ಆದರೆ ಇದು ಹುಳವೂ ಅಲ್ಲ, ಸೀಗಡಿಯೂ ಅಲ್ಲ. ಸೀಗಡಿ, ಏಡಿ ಎಲ್ಲ ಡೆಕಾಪೊಡ ಅನ್ನುವ ಗಣದವು. ಇದರದ್ದು ಬೇರೆಯೇ ಗಣ, ಸ್ಟೊಮ್ಯಾಟೊಪೊಡ. 1817ರಲ್ಲಿ ಫ್ರಾನ್ಸಿನ ಪ್ರಾಣಿಶಾಸ್ತ್ರಜ್ಞ ಲ್ಯಾಟ್ರೇಯ್ ಇಟ್ಟ ಹೆಸರು. 450ಕ್ಕೂ ಜಾಸ್ತಿ ಜಾತಿಗಳಿವೆ. ಎಲ್ಲವೂ ಸಮುದ್ರದ ಕಡೆಯವು. ಕನ್ನಂಬಾಡಿ ಕಟ್ಟೆಯಲ್ಲಾಗಲಿ ನಿಮ್ಮೂರ ಕೆರೆಯಲ್ಲಾಗಲಿ ಹುಡುಕಬೇಡಿ, ಸಿಗುವುದಿಲ್ಲ.

ಸಿಗುವುದು ಮೀನಂಗಡಿಯಲ್ಲಿ. ಮಂಗಳೂರು ಕಡೆಯಿಂದ ಐಸ್ ಪೆಟ್ಟಿಗೆಯಲ್ಲಿ ಬರುವ ಸೀಗಡಿಯ ರಾಶಿಯಲ್ಲಿ ಒಂದೊಂದು ಸಲ ಎರಡೋ ಮೂರೋ ಸೇರಿಕೊಂಡಿರುತ್ತವೆ. ಬಲೆ ಎಳೆದಾಗ ಸೀಗಡಿಯ ಜೊತೆಗೆ ಇವೂ ಬರುತ್ತವೆ. ನಾನು ಕೇಳಿದಾಗ ಅಂಗಡಿಯವರು, “ಅದನ್ನ ಇಲ್ಲಿ ಯಾರೂ ತಿನ್ನಲ್ಲ ಕಣಮ್ಮ, ಸುಮ್ನೆ ಬಂದ್ಬಿಟ್ಟಿದೆ, ಬೇಕಾದ್ರೆ ಹಾಗೇ ತಗೊಂಡೋಗಿ” ಅಂದರು. ಹಾಗೆ ತಂದೆ. ಜೊತೆಗೆ ಕಾಲು ಕೆ.ಜಿ. ಸೀಗಡಿ ಕೊಂಡುಕೊಂಡೆ. ನೀವೂ ಎರಡನ್ನೂ ತನ್ನಿ, ಒಂದನ್ನೇ ನೋಡಿದರೆ ಪದ ಅರ್ಥವಾಗುವುದಿಲ್ಲ.

ಎರಡು ಸ್ಟೀಲ್ ತಟ್ಟೆ ಇಡಿ. ಒಂದರಲ್ಲಿ ಸೀಗಡಿ, ಒಂದರಲ್ಲಿ ಸ್ಕ್ವಿಲ್ಲಾ. ಎರಡನ್ನೂ ಅಂಗಾತ ಮಲಗಿಸಿ. ಕೈಗೊಂದು ದಬ್ಬಳ ಅಥವಾ ಹಲ್ಲುಕಡ್ಡಿ ಇರಲಿ. ಹುಷಾರು, ಸತ್ತ ಸ್ಕ್ವಿಲ್ಲಾದ ಬಾಲದ ಮುಳ್ಳೂ ಚುಚ್ಚುತ್ತದೆ. ನನ್ನ ಹೆಬ್ಬೆರಳಿಗೆ ಚುಚ್ಚಿ ಎರಡು ದಿನ ನೋಯುತ್ತಿತ್ತು.

ಮೊದಲು ಸೀಗಡಿ. ಅದರ ಎದೆಯ ಭಾಗದಲ್ಲಿ ಎಂಟು ಜೋಡಿ ಕಾಲುಗಳಿವೆ. ಹೊಟ್ಟೆಯ ಕೆಳಗಿರುವ ಈಜುಗಾಲುಗಳನ್ನು ಇದರಲ್ಲಿ ಸೇರಿಸಬೇಡಿ, ಅವು ಬೇರೆ ಲೆಕ್ಕ. ಎಂಟರಲ್ಲಿ ಹಿಂದಿನ ಐದು ಜೋಡಿ ನಡೆಯುವ ಕಾಲು. ಐದು ಜೋಡಿ ಅಂದರೆ ಹತ್ತು ಕಾಲು. ಡೆಕಾ ಅಂದರೆ ಹತ್ತು, ಅದಕ್ಕೇ ಡೆಕಾಪಾಡ್. ಮುಂದಿನ ಮೂರು ಜೋಡಿ ಚಿಕ್ಕವು, ಬಾಯಿಯ ಹತ್ತಿರ ಅಂಟಿಕೊಂಡಿವೆ. ಅವು ನಡೆಯುವುದಕ್ಕಲ್ಲ, ತಿನ್ನುವುದಕ್ಕೆ. ಇಲ್ಲಿ ಎಲ್ಲರೂ ಒಂದು ಕಡೆ ಎಡವುತ್ತಾರೆ. ಮೂರನೆಯ ಬಾಯಿಗಾಲು ಉದ್ದವಾಗಿ, ಥೇಟ್ ನಡೆಯುವ ಕಾಲಿನ ಹಾಗೇ ಇರುತ್ತದೆ. ಅದನ್ನೂ ಸೇರಿಸಿ ಆರು ಜೋಡಿ ಅಂದುಬಿಡುತ್ತಾರೆ. ಸಮುದ್ರದ ಸೀಗಡಿಯಲ್ಲಿ ನಡೆಯುವ ಕಾಲಿನ ಮೊದಲ ಮೂರು ಜೋಡಿಯ ತುದಿಗೆ ಪುಟ್ಟ ಚಿಮುಟ ಇರುತ್ತದೆ. ಚಿಮುಟ ಕಂಡ ಮೊದಲ ಜೋಡಿಯಿಂದ ಹಿಂದಕ್ಕೆ ಎಣಿಸಿ, ಐದೇ ಬರುತ್ತದೆ.

ಈಗ ಸ್ಕ್ವಿಲ್ಲಾ. ಇದಕ್ಕೂ ಎದೆಯಲ್ಲಿ ಎಂಟೇ ಜೋಡಿ. ಆದರೆ ಹಂಚಿಕೆ ತಲೆಕೆಳಗಾಗಿದೆ. ಹಿಂದೆ ಬರೀ ಮೂರು ಜೋಡಿ ಸಣಕಲು ಕಾಲು, ಇವು ನಡೆಯುವುದಕ್ಕೆ. ಉಳಿದ ಐದು ಜೋಡಿಯೂ ಬಾಯಿಯ ಸುತ್ತ ಬಂದು ಸೇರಿಕೊಂಡಿವೆ. ಒಂದನೆಯ ಜೋಡಿ ತೆಳ್ಳಗಿದೆ, ಮೈ ಉಜ್ಜಿ ಶುಚಿ ಮಾಡಿಕೊಳ್ಳುವುದಕ್ಕೆ. ಎರಡನೆಯದೇ ಆ ದೊಡ್ಡ ಕೊಂಡಿ. ಮೂರು, ನಾಲ್ಕು, ಐದನೆಯವು ಹಿಡಿದ ತುತ್ತನ್ನು ಬಾಯಿಗೆ ತಳ್ಳುವುದಕ್ಕೆ. ದಬ್ಬಳದಿಂದ ಆ ಕೊಂಡಿಯನ್ನು ಮೆಲ್ಲಗೆ ಬಿಡಿಸಿ ನೋಡಿ. ಚೂರಿಯಂತೆ ಮಡಚಿಕೊಂಡಿದ್ದ ತುದಿ ಬಿಚ್ಚುತ್ತದೆ. ಒಳಗಂಚಿಗೆ ಬಾಚಣಿಗೆಯ ಹಾಗೆ ಚೂಪು ಹಲ್ಲುಗಳು. ನಾನು ತಂದದ್ದರಲ್ಲಿ ಆರಿದ್ದವು. ಅವು ಹೋಗಿ ಕೂರುವುದಕ್ಕೆ ಎದುರಿನ ತುಂಡಿನಲ್ಲಿ ಅಷ್ಟೇ ಚೊಕ್ಕವಾದ ಗುಳಿಗಳು. ಮುಚ್ಚಿದರೆ ಒಂದು ಗೆರೆಯಷ್ಟೇ ಕಾಣುತ್ತದೆ. ಇಷ್ಟು ಕಟ್ಟುನಿಟ್ಟಾಗಿ ಮುಚ್ಚುವ ಡಬ್ಬಿ ನನ್ನ ಅಡುಗೆಮನೆಯಲ್ಲಿಲ್ಲ.

ಸೀಗಡಿಗೆ ಮೂರು ಮತ್ತು ಐದು. ಸ್ಕ್ವಿಲ್ಲಾಕ್ಕೆ ಐದು ಮತ್ತು ಮೂರು. ಬಾಯಿಯ ಪಾಲಿಗೆ ಐದು ಜೋಡಿ ಕಾಲು ಹೋದದ್ದರಿಂದಲೇ ಆ ಹೆಸರು. ಗ್ರೀಕಿನಲ್ಲಿ ಸ್ಟೊಮ ಅಂದರೆ ಬಾಯಿ, ಪೌಸ್ ಅಂದರೆ ಕಾಲು. ‘ಬಾಯಿಯ’ ಅನ್ನಬೇಕಾದಾಗ ಗ್ರೀಕರು ಸ್ಟೊಮಟೊಸ್ ಅನ್ನುತ್ತಾರೆ. ಪದದ ನಡುವಿನ ಆ ‘ಟ’ ಅಲ್ಲಿಂದ ಬಂದದ್ದು. ಹಳೆಯ ಪುಸ್ತಕಗಳಲ್ಲಿ ‘ಟ’ ಇಲ್ಲದೆ ಸ್ಟೊಮಪಾಡ್ ಅಂತಲೂ ಇರುತ್ತದೆ. ಪ್ರಾಣಿ ಅದೇ, ಗಾಬರಿ ಬೇಡ. ಆದರೆ ನೀವು ‘ಟ’ ಇಟ್ಟೇ ಬರೆಯಿರಿ.

ಈಗ ಆ ಹೊಟ್ಟೆಯ ಗೊಂದಲ. ಸ್ಟೊಮಕ್ ಅನ್ನುವ ಇಂಗ್ಲಿಷ್ ಪದವೂ ಸ್ಟೊಮದಿಂದಲೇ ಹುಟ್ಟಿದ್ದು. ಬಾಯಿಂದ ಗಂಟಲಿಗೆ, ಗಂಟಲಿಂದ ಹೊಟ್ಟೆಗೆ ಅರ್ಥ ಇಳಿದಿದೆ. ಆದ್ದರಿಂದ ಸ್ಟೊಮ್ಯಾಟೊ ಕಂಡ ತಕ್ಷಣ ಹೊಟ್ಟೆ ನೆನಪಾಗುತ್ತದೆ. ಆದರೆ ಪ್ರಾಣಿಶಾಸ್ತ್ರದಲ್ಲಿ ಹೊಟ್ಟೆಗೆ ಗ್ಯಾಸ್ಟ್ರೊ ಅನ್ನುವ ಪದ ಮೊದಲೇ ಇದೆ. ಗ್ಯಾಸ್ಟ್ರೊಪಾಡ್ ಅಂದರೆ ಬಸವನಹುಳ. ಅದೇ ನಿಜವಾದ ಹೊಟ್ಟೆಗಾಲಿ. ಇನ್ನೊಂದು ಬಗೆಯ ತಪ್ಪನ್ನೂ ನೋಡಿದ್ದೇನೆ. ಸಸ್ಯಶಾಸ್ತ್ರವನ್ನೂ ಓದುವ ಮಕ್ಕಳು ಎಲೆಯ ಸ್ಟೊಮ್ಯಾಟ ನೆನಪಿಸಿಕೊಂಡು ‘ಪತ್ರರಂಧ್ರಪಾದಿ’ ಅಂತ ಬರೆಯುತ್ತಾರೆ. ಎಲೆಯ ಆ ಸಣ್ಣ ತೂತುಗಳಿಗೂ ಬಾಯಿ ಅಂತಲೇ ಹೆಸರಿಟ್ಟದ್ದು. ಮೂಲ ಒಂದೇ, ಸಂಬಂಧ ಇಲ್ಲ.

ಇನ್ನು ಬರೆಯುವ ಬಗ್ಗೆ. ಇಂಗ್ಲಿಷಿನಲ್ಲಿ ಮೂರು ರೂಪ ಸಿಗುತ್ತವೆ. ಗಣದ ಹೆಸರು ಸ್ಟೊಮ್ಯಾಟೊಪೊಡ. ಪ್ರಾಣಿಯ ಹೆಸರು ಸ್ಟೊಮ್ಯಾಟೊಪಾಡ್. ವಿಶೇಷಣಕ್ಕೆ ಅಂತಲೇ ಇರುವುದು ಸ್ಟೊಮ್ಯಾಟೊಪೊಡಸ್. ಈ ಕೊನೆಯದು ಹಳೆಯ ಕಾಲದ್ದು. ಈಗಿನ ವಿಜ್ಞಾನಿಗಳು ಸ್ಟೊಮ್ಯಾಟೊಪಾಡ್ ಅನ್ನುವುದನ್ನೇ ವಿಶೇಷಣವಾಗಿಯೂ ಬಳಸುತ್ತಾರೆ. ಓದುವಾಗ ಸ್ಟೊಮ್ಯಾಟೊಪೊಡಸ್ ಸಿಕ್ಕರೆ ‘ಈ ಗಣಕ್ಕೆ ಸೇರಿದ’ ಅಂತ ಅರ್ಥ ಮಾಡಿಕೊಳ್ಳಿ. ನೀವು ಬರೆಯುವಾಗ ಅದು ಬೇಡವೇ ಬೇಡ. ಕನ್ನಡಕ್ಕೆ ಆ ಬಾಲದ ಅಗತ್ಯವಿಲ್ಲ. ನಾವು ‘ಕಲ್ಲು ಕಂಬ’ ಅನ್ನುತ್ತೇವೆ, ‘ರಾಗಿ ಮುದ್ದೆ’ ಅನ್ನುತ್ತೇವೆ. ಮುಂದಿಟ್ಟ ನಾಮಪದವೇ ವಿಶೇಷಣದ ಕೆಲಸ ಮಾಡುತ್ತದೆ. ಹಾಗೆಯೇ ಸ್ಟೊಮ್ಯಾಟೊಪಾಡ್ ಮರಿ, ಸ್ಟೊಮ್ಯಾಟೊಪಾಡ್ ಕಿವಿರು. ಒಂದೇ ಪ್ರಾಣಿಯ ಅಂಗವನ್ನು ಹೇಳುವಾಗ ಮಾತ್ರ ‘ಸ್ಟೊಮ್ಯಾಟೊಪಾಡಿನ ಕಿವಿರು’. ನಮ್ಮ ಲಿಪಿಯಲ್ಲಿ ದೊಡ್ಡಕ್ಷರ ಇಲ್ಲದ ಕಾರಣ ಗಣದ ಹೆಸರಿಗೆ ‘ಪೊಡ’, ಪ್ರಾಣಿಗೆ ‘ಪಾಡ್’ ಅನ್ನುವ ವ್ಯತ್ಯಾಸವನ್ನು ತಪ್ಪದೆ ಉಳಿಸಿಕೊಳ್ಳಿ. ಅದೊಂದೇ ಗುರುತು ನಮಗಿರುವುದು.

ಅಚ್ಚಗನ್ನಡದಲ್ಲಿ ಏನನ್ನಬೇಕು ಅಂತ ಮಕ್ಕಳು ಕೇಳುತ್ತಾರೆ. ನನ್ನ ಆಯ್ಕೆ ‘ಬಾಯಿಗಾಲಿ’. ಟ್ರೈಪಾಡಿಗೆ ನಮ್ಮಲ್ಲಿ ಮುಕ್ಕಾಲಿ ಅನ್ನುವ ಪದ ಇದೆಯಲ್ಲ, ಅದೇ ಅಚ್ಚು. ಟ್ರೈ ಮೂರು, ಪಾಡ್ ಕಾಲು, ಮುಕ್ಕಾಲಿ. ಬಾಯಿಗೆ ಕಾಲು ಸೇರಿದರೆ ಆದೇಶ ಸಂಧಿಯಲ್ಲಿ ‘ಕ’ ಹೋಗಿ ‘ಗ’ ಬರುತ್ತದೆ, ಮಳೆಗಾಲದಲ್ಲಿ ಬಂದ ಹಾಗೆ. ‘ಮುಖಪಾದಿ’ ಅಂತ ಬರೆಯುವವರಿದ್ದಾರೆ. ಸಂಸ್ಕೃತದಲ್ಲಿ ಮುಖ ಅಂದರೆ ಬಾಯಿ ಅನ್ನುವ ಅರ್ಥವೂ ಉಂಟು, ಸರಿಯೇ. ಆದರೆ ಮದ್ದೂರಿನ ಹುಡುಗ ಮುಖ ಅಂದರೆ ಮೋರೆ ಅಂತಲೇ ತಿಳಿಯುತ್ತಾನೆ. ಪದ ಅವನಿಗಾಗಿ ಇರಬೇಕು. ಪರೀಕ್ಷೆಯಲ್ಲಿ ಮಾತ್ರ ಮೊದಲ ಸಲ ಬರೆಯುವಾಗ ಎರಡನ್ನೂ ಕೊಡಿ, ‘ಬಾಯಿಗಾಲಿಗಳು, ಅಂದರೆ ಸ್ಟೊಮ್ಯಾಟೊಪಾಡ್‌ಗಳು’ ಅಂತ. ಆಮೇಲೆ ಯಾವುದಾದರೂ ಒಂದನ್ನು ಹಿಡಿದು ಹೋಗಿ.

ಒಂದು ಎಚ್ಚರಿಕೆ. ಬಾಯಿಯ ಹತ್ತಿರ ಕಾಲಿದ್ದದ್ದೆಲ್ಲ ಬಾಯಿಗಾಲಿ ಅಲ್ಲ. ಗದ್ದೆ ಬದುವಿನ ಏಡಿಯನ್ನು ತಿರುಗಿಸಿ ನೋಡಿ, ಅದಕ್ಕೂ ಮೂರು ಜೋಡಿ ಬಾಯಿಗಾಲು ಇವೆ. ಆದರೂ ಅದು ಡೆಕಾಪಾಡ್. ಬಾಯಿಗಾಲು ಅಂಗದ ಹೆಸರು, ಬಾಯಿಗಾಲಿ ಪ್ರಾಣಿಯ ಹೆಸರು. ಕೊನೆಯ ಒಂದು ಸ್ವರದಲ್ಲಿ ಇಷ್ಟು ವ್ಯತ್ಯಾಸ.

ನನಗೆ ಜಾಸ್ತಿ ಚಿಂತೆ ಇರುವುದು ಇದರ ಮುಂದಿನ ತಪ್ಪಿನ ಬಗ್ಗೆ. ಅರ್ಥ ಗೊತ್ತಿದ್ದವರೂ ಇದನ್ನು ಮಾಡುತ್ತಾರೆ. ‘ಸ್ಟೊಮ್ಯಾಟೊಪಾಡ್ ಏಟಿನ ವೇಗ ಸೆಕೆಂಡಿಗೆ 23 ಮೀಟರ್’ ಅಂತ ಬರೆದುಬಿಡುತ್ತಾರೆ. 2004ರಲ್ಲಿ ಶೀಲಾ ಪಟೇಕ್ ಅನ್ನುವ ವಿಜ್ಞಾನಿ ಮತ್ತು ಜೊತೆಗಾರರು ಅಳೆದ ಲೆಕ್ಕ ಅದು, ನಿಜ. ಗಂಟೆಗೆ 80 ಕಿಲೋಮೀಟರಿಗೂ ಮೇಲೆ, ಅದೂ ನೀರೊಳಗೆ. ಆ ವೇಗಕ್ಕೆ ನೀರಿನಲ್ಲಿ ಗುಳ್ಳೆ ಎದ್ದು, ಅದು ಒಡೆಯುವಾಗ ಬೇಟೆಗೆ ಎರಡನೆಯ ಏಟು ಬೀಳುತ್ತದೆ. ಆದರೆ ಅವರು ಅಳೆದದ್ದು ನವಿಲಿನ ಬಣ್ಣದ ಒಡಾಂಟೊಡ್ಯಾಕ್ಟೈಲಸ್ ಸ್ಕಿಲ್ಲಾರಸ್ ಅನ್ನುವ ಒಂದು ಜಾತಿಯ ಏಟನ್ನು. ಅದು ಗುದ್ದುವ ಬಗೆ. ಅದರ ಕೊಂಡಿಯ ಮಡಚುವ ತುದಿತುಂಡಿನ ಬುಡ ಸುತ್ತಿಗೆಯ ಹಾಗೆ ಉಬ್ಬಿರುತ್ತದೆ, ಬಸವನಹುಳದ ಚಿಪ್ಪು ಒಡೆಯುವುದಕ್ಕೆ. ನಮ್ಮ ತಟ್ಟೆಯಲ್ಲಿದ್ದ ಸ್ಕ್ವಿಲ್ಲಾ ಚುಚ್ಚುವ ಬಗೆ. ಚೂಪು ಹಲ್ಲಿನಿಂದ ಮೀನು, ಸೀಗಡಿಯಂಥ ಮೆತ್ತನೆಯ ಬೇಟೆಯನ್ನು ಹಿಡಿಯುತ್ತದೆ. ಅದಕ್ಕೆ ಅಷ್ಟು ವೇಗ ಇಲ್ಲ, ಬೇಕಾಗಿಯೂ ಇಲ್ಲ.

ಕಣ್ಣಿನ ಕಥೆಯೂ ಇದೇ. ‘ಸ್ಟೊಮ್ಯಾಟೊಪಾಡ್ ಕಣ್ಣಿನಲ್ಲಿ ಬಣ್ಣ ಗುರುತಿಸುವ 12 ಬಗೆಯ ಕೋಶಗಳಿವೆ, ಮನುಷ್ಯರಿಗೆ ಮೂರೇ’ ಅನ್ನುವ ವಾಕ್ಯ ಎಲ್ಲ ಕಡೆ ಓಡಾಡುತ್ತದೆ. ಅದು ಕಣ್ಣಿನ ನಡುವೆ ಅಡ್ಡಕ್ಕೆ ಹೋಗುವ ಪಟ್ಟಿಯಲ್ಲಿ ಬಿಡಿಗಣ್ಣುಗಳ ಆರು ಸಾಲಿರುವ ಕುಟುಂಬಗಳಿಗೆ ಸಲ್ಲುವ ಮಾತು. ಸ್ಕ್ವಿಲ್ಲಾದ ಬಳಗದಲ್ಲಿ ಆ ಪಟ್ಟಿಗೆ ಇರುವುದು ಎರಡೇ ಸಾಲು, ಬಣ್ಣದ ಆ ವೈಭವ ಅವಕ್ಕಿಲ್ಲ. ಅಂದರೆ ಮೀನಂಗಡಿಯ ಐಸಿನಿಂದ ತಂದು, ಕೈಯಲ್ಲಿ ಹಿಡಿದು ನೋಡುತ್ತಿರುವ ಪ್ರಾಣಿಯ ಮೇಲೇ ನಾವು ಸುಳ್ಳು ಬರೆದ ಹಾಗಾಗುತ್ತದೆ. ಇದು ನನಗೆ ಸಹಿಸಲಾಗದ ವಿಷಯ.

ಆದ್ದರಿಂದ ವಾಕ್ಯ ಬರೆಯುವ ಮೊದಲು ಒಂದು ಪ್ರಶ್ನೆ ಕೇಳಿಕೊಳ್ಳಿ: ಇದು ಎಲ್ಲ ಬಾಯಿಗಾಲಿಗಳಿಗೂ ಸಲ್ಲುತ್ತದೆಯಾ? ಐದು ಮತ್ತು ಮೂರರ ಲೆಕ್ಕ ಸಲ್ಲುತ್ತದೆ. ಎರಡನೆಯ ಜೋಡಿ ಕೊಂಡಿಯಾಗಿರುವುದು ಸಲ್ಲುತ್ತದೆ. ಹೊಟ್ಟೆಯ ಈಜುಗಾಲಿಗೆ ಕಿವಿರು ಜೋತುಬಿದ್ದಿರುವುದೂ ಸಲ್ಲುತ್ತದೆ. ಸೀಗಡಿಗೆ ಕಿವಿರು ಎದೆಯ ಚಿಪ್ಪಿನೊಳಗೆ ಅಡಗಿರುತ್ತದೆ, ತಟ್ಟೆಯಲ್ಲಿ ಅದನ್ನೂ ಹೋಲಿಸಿ ನೋಡಿ. ಇಂಥ ಕಡೆ ಧೈರ್ಯವಾಗಿ ‘ಸ್ಟೊಮ್ಯಾಟೊಪಾಡ್’ ಅನ್ನಿ. ಎಲ್ಲಕ್ಕೂ ಸಲ್ಲದಿದ್ದರೆ ಪದವನ್ನು ಚಿಕ್ಕದು ಮಾಡಿ. ಸ್ಕ್ವಿಲ್ಲಿಡೇ ಕುಟುಂಬಕ್ಕೆ ಮಾತ್ರ ಸೇರಿದ್ದಾದರೆ ‘ಸ್ಕ್ವಿಲ್ಲಿಡ್’. ಅದರ ಮೇಲಿನ ದೊಡ್ಡ ಬಳಗ ಸ್ಕ್ವಿಲ್ಲಾಯ್ಡಿಯಾಕ್ಕೆ ಸೇರಿದ್ದಾದರೆ ‘ಸ್ಕ್ವಿಲ್ಲಾಯ್ಡ್’. ಒಂದೇ ಜಾತಿಯದ್ದಾದರೆ ಜಾತಿಯ ಹೆಸರನ್ನೇ ಬರೆಯಿರಿ. ಉದ್ದವಾಯಿತು ಅಂತ ಬೇಸರ ಪಡಬೇಡಿ.

ಪಾಂಡವಪುರದ ಹುಡುಗಿಗೆ ತಿದ್ದಿದ ಹಾಳೆ ಕಳಿಸಿದೆ. ‘ಸ್ಕ್ವಿಲ್ಲಾ ಬಾಯಿಗಾಲಿ ಪ್ರಾಣಿ, ಇದರ ಎದೆಯ ಎಂಟು ಜೋಡಿ ಕಾಲುಗಳಲ್ಲಿ ಮುಂದಿನ ಐದು ಬಾಯಿಗೆ, ಹಿಂದಿನ ಮೂರು ನಡಿಗೆಗೆ.’ ಅವಳು ಒಂದು ಸ್ಕ್ವಿಲ್ಲಾವನ್ನು ಬಾಟಲಿಯಲ್ಲಿ ಇಟ್ಟುಕೊಳ್ಳಬೇಕು ಅಂದಳು. ನೀವೂ ಇಡುವುದಾದರೆ ಸ್ಪಿರಿಟ್‌ನಲ್ಲಿ ಮುಳುಗಿಸಿ, ಗಾಳಿಯಾಡದ ಹಾಗೆ ಮುಚ್ಚಿ. ಗಟ್ಟಿ ಕಾಗದದ ಚೀಟಿಯಲ್ಲಿ ಮೇಲೆ ಗಣ, ಕೆಳಗೆ ಕುಟುಂಬ, ಅದರ ಕೆಳಗೆ ಎಲ್ಲಿ ಯಾವತ್ತು ಸಿಕ್ಕಿತು ಅಂತ ಬರೆದು ಬಾಟಲಿಯ ಒಳಗೇ ಹಾಕಿ. ಪೆನ್ಸಿಲಿನಲ್ಲೇ ಬರೆಯಿರಿ, ಇಂಕು ಸ್ಪಿರಿಟ್‌ನಲ್ಲಿ ಕರಗಿಹೋಗುತ್ತದೆ.