ನನ್ನ ಕಾಪಿಸ್ ಕಿಟಕಿಗಳು: ಮನಿಲಾ ಸೆಟ್ಟಿನ ಅನುಭವ

ಒಂದು ಸಿನಿಮಾದ ಸೆಟ್ಟಿಗೆ ಬೇಕಿದ್ದದ್ದು 22 ಕಿಟಕಿ. ಒಂದೊಂದರಲ್ಲೂ ನೂರರ ಹತ್ತಿರ ಚೌಕ. 1890ರ ಮನಿಲಾದ ಸಿರಿವಂತರ ಮನೆ ಅಂದಮೇಲೆ ಮಹಡಿ ತುಂಬಾ ಕಾಪಿಸ್, ಅಂದರೆ ಬೆಳಕು ಹಾಯುವ ತೆಳು ಸಮುದ್ರ ಚಿಪ್ಪಿನ ಜಾರುಕಿಟಕಿ ಇರಲೇಬೇಕು. ಗೋವಾದ ಹಳೇ ಮನೆಗಳಲ್ಲಿ ನೋಡಿರುತ್ತೀರಲ್ಲ, ಅದೇ ಚಿಪ್ಪು. ಅಸಲಿ ಮಾಡಿಸಿದರೆ ಒಂದಕ್ಕೆ 9 ಸಾವಿರ ಪೆಸೊ ಆಸುಪಾಸು. ಇಡೀ ಸೆಟ್ಟಿಗೆ ನನ್ನ ಕೈಲಿದ್ದದ್ದೇ ಮೂರೂವರೆ ಲಕ್ಷ. ಅರ್ಧಕ್ಕಿಂತ ಜಾಸ್ತಿ ಕಿಟಕಿಗೇ ಹೋಗುತ್ತಿತ್ತು.

ನಕಲಿ ಮಾಡುತ್ತೇನೆ ಅಂದೆ. ಕ್ಲೋಸಪ್‌ನಲ್ಲಿ ಸಿಕ್ಕಿಬೀಳುತ್ತದೆ, ಬೇಡ ಅಂದರು ಛಾಯಾಗ್ರಾಹಕರು. ಗಾಜಿಗೆ ಬಿಳಿ ಬಣ್ಣ ಬಳಿದರೆ ಸಾಕು ಅಂದರು ನಿರ್ಮಾಪಕರು. ಅದಕ್ಕೆ ನಾನು ಒಪ್ಪಲಿಲ್ಲ. ಚಿಪ್ಪಿನ ಒಂದು ಚೌಕದ ಹಾಗೆ ಇನ್ನೊಂದಿರುವುದಿಲ್ಲ. ಒಂದು ಹಾಲಿನ ಕೆನೆ, ಪಕ್ಕದ್ದು ತೆಳು ಜೇನು, ಅದರಾಚೆಯದು ಬೂದಿ. ಕಣ್ಣಿಗೆ ಹತ್ತಿರ ಹಿಡಿದರೆ ಪದರದ ಮೇಲೆ ಪದರ, ಕೂದಲಿನಷ್ಟು ಸಣ್ಣ ಗೆರೆ. ಬಳಿದ ಗಾಜಿನಲ್ಲಿ ಅದೆಲ್ಲಿಂದ ಬರಬೇಕು?

ಮೊದಲು ಅಕ್ರಿಲಿಕ್ ಹಾಳೆಗೆ ಬಟರ್ ಪೇಪರ್ ಅಂಟಿಸಿದೆ. ಆಗಸ್ಟ್ ತಿಂಗಳು, ಹಬಾಗಾತ್ ಮಳೆ, ಅಂದರೆ ಅಲ್ಲಿನ ನೈಋತ್ಯ ಮುಂಗಾರು. ಮೂರನೇ ದಿನಕ್ಕೆ ಗುಳ್ಳೆ, ವಾರದೊಳಗೆ ಬೂಷ್ಟು. ಆಮೇಲೆ ರೆಸಿನ್ ಎರಕ ಹೊಯ್ದೆ. ಕೈಯಲ್ಲಿ ಚೆಂದ ಕಂಡಿತು. ದೀಪದ ಮುಂದೆ ಬಾಟಲಿ ತಳದ ಹಾಗೆ ಹೊಳೆಯಿತು. 40 ಸಾವಿರ ನೀರುಪಾಲು. ಅದರಲ್ಲಿ ಸ್ವಲ್ಪ ನನ್ನ ಸ್ವಂತ ದುಡ್ಡು, ಒಂದು ಸೋಪಿನ ಜಾಹೀರಾತಿನಲ್ಲಿ ದುಡಿದದ್ದು. 2009ರಲ್ಲಿ ಬಂಗ್ಕಾಲ್‌ನ ಹಳೇ ಸಾಮಾನಿನ ಅಂಗಡಿಗಳಿಂದ ಕುರ್ಚಿ ಹೊರುವ ಸಹಾಯಕನಾಗಿದ್ದಾಗಲೂ, ಪ್ರೊಡಕ್ಷನ್ ಡಿಸೈನರ್ ಅಂತ ಹೆಸರು ಬಂದ ಮೇಲೂ ನನ್ನ ಮನೆ ಬಾಡಿಗೆ ಕಟ್ಟಿದ್ದು ಜಾಹೀರಾತೇ.

ದಾರಿ ಸಿಕ್ಕಿದ್ದು ಪಂಪಾಂಗಾ ಪ್ರಾಂತ್ಯದ ಸಾನ್ ಫೆರ್ನಾಂದೊದಲ್ಲಿ. ಅಲ್ಲಿ ಕ್ರಿಸ್‌ಮಸ್‌ನ ಪರೋಲ್ ಅನ್ನೋ ನಕ್ಷತ್ರದ ದೀಪಗಳನ್ನು ಕಾಪಿಸ್‌ನಲ್ಲೂ ಮಾಡುತ್ತಾರೆ. ಒಡೆದ, ಕಲೆಯಾದ ಚಿಪ್ಪನ್ನು ಮೂಟೆ ಲೆಕ್ಕದಲ್ಲಿ ಕೊಟ್ಟರು, 3 ಸಾವಿರವೋ ಏನೋ. ನಟರ ಮುಖದ ಎತ್ತರಕ್ಕೆ ಬರುವ ಎರಡು ಸಾಲಿಗೆ ಅಸಲಿ ತುಂಡು ಕೂರಿಸಿದೆ. ಉಳಿದದ್ದಕ್ಕೆ ಎರಡೂ ಬದಿ ಉಜ್ಜಿದ ಡ್ರಾಫ್ಟಿಂಗ್ ಫಿಲ್ಮ್ (ನಕ್ಷೆ ಬರೆಯುವ ಪ್ಲಾಸ್ಟಿಕ್ ಹಾಳೆ), ಮೇಲೆ ಶೆಲ್ಲಾಕ್, ಅಂದರೆ ಅರಗಿನ ವಾರ್ನಿಷ್. ಕೆಲವಕ್ಕೆ ಒಂದು ಕೋಟ್, ಕೆಲವಕ್ಕೆ ಮೂರು, ಲೆಕ್ಕ ಇಡಲೇಬಾರದು. ಕೊನೆಯ ಕೋಟಿಗೆ ಏನು ಬೆರೆಸುತ್ತೇನೆ ಅನ್ನೋದು ನನ್ನ ಹತ್ತಿರವೇ ಇರಲಿ. ನನ್ನ ಹುಡುಗರಿಗೂ ಹೇಳಿಲ್ಲ.

ಚೌಕಟ್ಟಿಗೆ ನಾರಾ ಮರ ಕೊಳ್ಳುವ ಶಕ್ತಿ ಇರಲಿಲ್ಲ. ಪ್ಲೈವುಡ್ ಪಟ್ಟಿಗೆ ಕಡು ಚಹಾ ಬಳಿದು, ಒಣಗಿದ ಮೇಲೆ ಸ್ಟೀಲ್ ವೂಲ್ ನೆನೆಸಿಟ್ಟ ಇಲೊಕೊಸ್‌ನ ಕಬ್ಬಿನ ವಿನೆಗರ್ ಹಚ್ಚಿದೆ. ಕಣ್ಣೆದುರೇ ಕಪ್ಪಾಯಿತು! ಚಹಾ ಬಿಟ್ಟರೆ ಬರೀ ಬೂದಿ ಬಣ್ಣ. ಕಾಫಿಯಲ್ಲೂ ಮಾಡಿ ನೋಡಿದೆ, ಅಷ್ಟು ಗಾಢ ಬರಲಿಲ್ಲ.

ಜೋಡಿಸುವಾಗ ಕೊನೆಯ ದಿನ 20 ಗಂಟೆ ನಿಂತಿದ್ದೆವು. ಆಗ ಸಿನಿಮಾ, ಟಿವಿ ಕೆಲಸಗಾರರನ್ನು ಕಾಯುವ ಎಡ್ಡಿ ಗಾರ್ಸಿಯಾ ಕಾನೂನು ಇರಲಿಲ್ಲ. ಅದು ಬಂದದ್ದು 2024ರಲ್ಲಿ, ಈಗ ದಿನಕ್ಕೆ 14 ಗಂಟೆ ಮೀರುವಂತಿಲ್ಲ. ಹತ್ತು ವರ್ಷ ಮೊದಲೇ ಬರಬೇಕಿತ್ತು.

ಬೆಳಿಗ್ಗೆ ಛಾಯಾಗ್ರಾಹಕರು ಹೊರಗಿಂದ ದೀಪ ಹಾಕಿಸಿ ಒಳಗೆ ಬಂದರು. ತುಂಬಾ ಹೊತ್ತು ನೋಡಿದರು. ಆಮೇಲೆ ಚೌಕಗಳನ್ನು ಉಗುರಿನಿಂದ ಒಂದೊಂದೇ ತಟ್ಟುತ್ತಾ ಹೋದರು. ಶಬ್ದ ಕೇಳಿದ ಮೇಲೆಯೇ ಅಸಲಿ ಯಾವುದು ಅಂತ ಅವರಿಗೆ ಗೊತ್ತಾದದ್ದು. ಒಟ್ಟು ಖರ್ಚು, ರೆಸಿನ್‌ನಲ್ಲಿ ಕಳೆದದ್ದೂ ಸೇರಿ, 95 ಸಾವಿರ ದಾಟಲಿಲ್ಲ. ಆ ಕಿಟಕಿಗಳು ಆಮೇಲೆ ಇನ್ನೂ ಮೂರು ಚಿತ್ರಕ್ಕೆ ಬಾಡಿಗೆಗೆ ಹೋಗಿ ಬಂದಿವೆ.