ಜರ್ಮನಿಯಲ್ಲಿ ಸಿನಿಮಾ, ಟಿವಿ ಸಂಗೀತ ಸಂಯೋಜಕರಾಗಲು

ಓದಿನಿಂದ ಶುರು ಮಾಡುವುದಾದರೆ ಲುಡ್ವಿಗ್ಸ್‌ಬರ್ಗ್‌ನ ಫಿಲ್ಮ್ ಅಕಾಡೆಮಿ ಒಳ್ಳೆಯ ಜಾಗ. ಪಾಠದಷ್ಟೇ ಮುಖ್ಯ, ಜೊತೆಗೆ ಓದುವ ನಿರ್ದೇಶಕರ ಪರಿಚಯ.

ಎಡಿಟಿಂಗ್ ಮುಗಿದ ಚಿತ್ರ ಕೈಗೆ ಬಂದ ಕೂಡಲೇ ಫ್ರೇಮ್ ರೇಟ್, ಅಂದರೆ ಸೆಕೆಂಡಿಗೆ ಎಷ್ಟು ಫ್ರೇಮ್ ಓಡುತ್ತವೆಂದು ನೋಡಿ. ಜರ್ಮನ್ ಟಿವಿಯದು ಸೆಕೆಂಡಿಗೆ 25. ಸಿನಿಮಾಕ್ಕಾಗಿ 24ರಲ್ಲಿ ತೆಗೆದದ್ದನ್ನು 25ಕ್ಕೆ ಓಡಿಸಿದರೆ 60 ಸೆಕೆಂಡಿನ ದೃಶ್ಯ 57.6ಕ್ಕೇ ಮುಗಿಯುತ್ತದೆ; ನಿಮ್ಮ ಸಂಗೀತ ಮಾತ್ರ ಇನ್ನೂ 2.4 ಸೆಕೆಂಡು ನುಡಿಯುತ್ತಲೇ ಇರುತ್ತದೆ. ಹಾಗಾಗಿ ಯಾವ ವೇಗದ ಪ್ರತಿ ಪ್ರಸಾರವಾಗುತ್ತದೆಂದು ಮೊದಲೇ ಬರೆಸಿಕೊಳ್ಳಿ.

ಫೈಲುಗಳನ್ನು 48 ಕಿಲೋಹರ್ಟ್ಸ್, 24 ಬಿಟ್ ವೇವ್ (WAV) ಆಡಿಯೋ ರೂಪದಲ್ಲಿ ಕೊಡಿ. ತಂತಿವಾದ್ಯ, ತಾಳವಾದ್ಯ, ಮುಖ್ಯ ರಾಗ ಬೇರೆ ಬೇರೆ ಇರಲಿ. ಸಂಭಾಷಣೆಗೆ ಡ್ರಮ್ಸ್ ಅಡ್ಡ ಬಂದರೆ ಮಿಕ್ಸಿಂಗ್ ಮಾಡುವವರು ಅದನ್ನಷ್ಟೇ ಇಳಿಸುತ್ತಾರೆ; ಎಲ್ಲ ಒಂದೇ ಫೈಲಿನಲ್ಲಿದ್ದರೆ ಇಡೀ ಸಂಗೀತವೇ ಮಂಕಾಗುತ್ತದೆ. ಶಬ್ದದ ಏರಿಕೆಗೆ ಮಿತಿ ಹಾಕುವ ಲಿಮಿಟರ್ ಬಳಸಿ ಜೋರು ಮಾಡುವುದು ವ್ಯರ್ಥ: ಪ್ರಸಾರದ ಮಟ್ಟ ಹೇಗೂ ಮೈನಸ್ 23 ಎಲ್‌ಯುಎಫ್‌ಎಸ್ (ಕಿವಿಗೆ ಕೇಳಿಸುವ ಜೋರನ್ನು ಅಳೆಯುವ ಮಾನ).

ಪ್ರಸಾರದ ರಾಯಲ್ಟಿ ಬರುವುದು ಗೇಮಾ (GEMA) ಎಂಬ, ಸಂಗೀತದ ಹಕ್ಕುಗಳ ಹಣ ಸಂಗ್ರಹಿಸಿ ಹಂಚುವ ಸಂಸ್ಥೆಯಿಂದ. ಸದಸ್ಯರಾದ ಮೇಲೆ ಪ್ರತಿ ಕೃತಿಯನ್ನೂ ನೋಂದಾಯಿಸಿ. ಯಾವ ತುಣುಕು ಎಷ್ಟು ಸೆಕೆಂಡು ಬಳಕೆಯಾಯಿತೆಂಬ ಪಟ್ಟಿ ನಿರ್ಮಾಪಕರಿಂದ ಹೋಗಿದೆಯೇ ಎಂದು ಬೆನ್ನುಹತ್ತಿ ಕೇಳಿ. ಸಂಕೋಚಪಟ್ಟರೆ ದುಡ್ಡು ಬಾರದು. ಆರೋಗ್ಯ ವಿಮೆ, ಪಿಂಚಣಿಗೆ ಕಲಾವಿದರ ಸಾಮಾಜಿಕ ನಿಧಿಗೆ ಅರ್ಜಿ ಹಾಕಿ. ಕಂತಿನಲ್ಲಿ ಸುಮಾರು ಅರ್ಧವಷ್ಟೇ ನಿಮ್ಮ ಪಾಲು.