ಹಳೆಯ ಥಿಂಕ್‌ಪ್ಯಾಡ್ ಕೊಳ್ಳುವವರು ಅದರ ವಂಶಾವಳಿ ಓದುವ ಬಗೆ

ಅಂಗಡಿಯವರು ಹಳೆಯ ಥಿಂಕ್‌ಪ್ಯಾಡ್ ಲ್ಯಾಪ್‌ಟಾಪ್ ಒಂದನ್ನು ಕೈಗೆ ಕೊಟ್ಟರೆ ತೆರೆಯುವ ಮೊದಲು ಅದನ್ನು ಬೋರಲು ಹಾಕಿ ನೋಡಿ. ತಳದ ಚೀಟಿಯಲ್ಲಿ ‘ಟೈಪ್’ ಎಂದು ಬರೆದ ಕಡೆ ನಾಲ್ಕು ಅಕ್ಷರ ಅಥವಾ ಅಂಕಿಗಳ ಗುರುತು ಇರುತ್ತದೆ. ಅಂಗಡಿಯವರ ಬಾಯಿಮಾತಿಗಿಂತಲೂ ಮುಚ್ಚಳದ ಮೇಲಿನ ಹೆಸರಿಗಿಂತಲೂ ಈ ಗುರುತನ್ನು ನಂಬಬಹುದು. ಟಿ470 ಎಂದು ಮಾರಾಟಕ್ಕಿಟ್ಟ ಯಂತ್ರದ ಮೇಲೆ 20ಎಚ್‌ಡಿ ಅಥವಾ 20ಎಚ್‌ಇ ಎಂದಿದ್ದರೆ ಒಳಗಿರುವುದು ಇಂಟೆಲ್‌ನ ಏಳನೆಯ ತಲೆಮಾರಿನ ಪ್ರೊಸೆಸರ್. 20ಜೆಎಂ ಅಥವಾ 20ಜೆಎನ್ ಎಂದಿದ್ದರೆ ಆರನೆಯ ತಲೆಮಾರಿನದು. ಹೊರಮೈ ಒಂದೇ, ಹೆಸರೂ ಒಂದೇ. ಟಿ480 ಆದರೆ ಗುರುತು 20ಎಲ್5 ಅಥವಾ 20ಎಲ್6 ಆಗಿರಬೇಕು.

ನಾನು ಧಾರವಾಡದಲ್ಲಿ ಕನ್ನಡ ಪುಸ್ತಕಗಳ ಅಕ್ಷರ ಜೋಡಣೆ ಮಾಡುವವಳು. ದಿನವಿಡೀ ಬೆರಳುಗಳು ಕೀಲಿಮಣೆಯ ಮೇಲೆಯೇ ಇರುವುದರಿಂದ ಕಂಪ್ಯೂಟರ್ ಎಂದರೆ ನನಗೆ ಮೊದಲು ಕೀಲಿಮಣೆ, ಉಳಿದದ್ದೆಲ್ಲ ಆಮೇಲೆ. ಪರಿಚಯದ ಲೇಖಕರು, ಕರಡು ತಿದ್ದುವವರು ಸೆಕೆಂಡ್ ಹ್ಯಾಂಡ್ ಲ್ಯಾಪ್‌ಟಾಪ್ ಕೊಳ್ಳುವಾಗ ನನ್ನನ್ನು ಕೇಳುತ್ತಾರೆ. ಬೆಂಗಳೂರಿನ ಕಂಪನಿಗಳು ಬಳಸಿ ಬಿಟ್ಟ ಥಿಂಕ್‌ಪ್ಯಾಡ್‌ಗಳು ಎಸ್‌.ಪಿ. ರಸ್ತೆಯ ಎಲೆಕ್ಟ್ರಾನಿಕ್ಸ್ ಮಾರುಕಟ್ಟೆಗೆ ಬರುತ್ತವೆ, ಅಲ್ಲಿಂದ ನಮ್ಮ ಕಡೆಯ ಅಂಗಡಿಗಳಿಗೂ ಬರುತ್ತವೆ. ಅವುಗಳಲ್ಲಿ ಒಳ್ಳೆಯದನ್ನು ಆರಿಸಲು ಈ ಯಂತ್ರಗಳ ಇತಿಹಾಸ ತಿಳಿದಿರಬೇಕು. ಪ್ರತಿ ತಲೆಮಾರೂ ಹೊಸದೊಂದನ್ನು ಕೊಟ್ಟಿದೆ, ಹಳೆಯದೊಂದನ್ನು ಕಿತ್ತುಕೊಂಡಿದೆ. ನಿಮಗೆ ಬೇಕಾದದ್ದು ಯಾವ ವರ್ಷದವರೆಗೆ ಉಳಿದಿತ್ತು ಎಂದು ಗೊತ್ತಾದರೆ ಅರ್ಧ ಕೆಲಸ ಮುಗಿದಂತೆಯೇ.

ಮೂಲವನ್ನು ಚುಟುಕಾಗಿ ಹೇಳುತ್ತೇನೆ. ಐಬಿಎಂ ಕಂಪನಿ 1992ರ ಅಕ್ಟೋಬರ್‌ನಲ್ಲಿ ಥಿಂಕ್‌ಪ್ಯಾಡ್ 700ಸಿ ಎಂಬ ಲ್ಯಾಪ್‌ಟಾಪನ್ನು ಪ್ರಕಟಿಸಿತು. ಅದಕ್ಕೆ 10.4 ಇಂಚಿನ ಬಣ್ಣದ ಪರದೆ, 120 ಎಂಬಿಯ ಡಿಸ್ಕ್, 4,350 ಡಾಲರ್ ಬೆಲೆ. ತಾಂತ್ರಿಕ ಕೆಲಸ ನಡೆದದ್ದು ಜಪಾನಿನ ಯಮಾಟೊ ಪ್ರಯೋಗಾಲಯದಲ್ಲಿ, ಅರಿಮಾಸಾ ನೈಟೊ ಅವರ ಮುಂದಾಳತ್ವದಲ್ಲಿ. ರೂಪ ಕೊಟ್ಟವರು ಇಟಲಿಯ ಮಿಲಾನಿನಲ್ಲಿ ನೆಲೆಸಿದ್ದ ಜರ್ಮನ್ ವಿನ್ಯಾಸಕಾರ ರಿಚರ್ಡ್ ಸ್ಯಾಪರ್. ಜಪಾನಿಯರ ಕಪ್ಪು ಮೆರುಗಿನ ಊಟದ ಡಬ್ಬಿ, ಅಂದರೆ ಬೆಂಟೊ, ಈ ರೂಪಕ್ಕೆ ಪ್ರೇರಣೆ ಎನ್ನುತ್ತಾರೆ. ಮುಚ್ಚಿದಾಗ ಅಲಂಕಾರವಿಲ್ಲದ ಕಪ್ಪು ಪೆಟ್ಟಿಗೆ, ತೆರೆದಾಗ ಎಲ್ಲವೂ ಅಚ್ಚುಕಟ್ಟು. ಇಷ್ಟು ವರ್ಷಗಳ ನಂತರವೂ ದೂರದಿಂದಲೇ ಅದನ್ನು ಗುರುತಿಸಬಹುದು ಎನ್ನುವುದು ಸಣ್ಣ ಸಾಧನೆಯಲ್ಲ.

ಕೀಲಿಮಣೆಯ ನಡುವೆ, ಜಿ, ಎಚ್, ಬಿ ಕೀಲಿಗಳು ಕೂಡುವಲ್ಲಿ ಕೆಂಪು ಗುಂಡಿ ಇರುತ್ತದೆ. ಹೆಸರು ಟ್ರ್ಯಾಕ್‌ಪಾಯಿಂಟ್. ಬೆರಳನ್ನು ಕೀಲಿಗಳಿಂದ ಎತ್ತಿ ಮೌಸ್‌ನತ್ತ ಒಯ್ದು ಮರಳಿ ತರುವುದರಲ್ಲಿ ಹಾಳಾಗುವ ಸಮಯವನ್ನು ಉಳಿಸಲೆಂದು ಐಬಿಎಂನ ಸಂಶೋಧಕ ಟೆಡ್ ಸೆಲ್ಕರ್ ರೂಪಿಸಿದ ಸಾಧನವಿದು. ಒಂದೊಂದು ಪುಟದಲ್ಲಿ ಹತ್ತಾರು ಕಡೆ ಕರ್ಸರ್ ಇಟ್ಟು ತಿದ್ದುವ ನನ್ನಂಥವಳಿಗೆ ಇದರ ಬೆಲೆ ಗೊತ್ತು. ಹೊಸಬರು ಇದನ್ನು ಒಂದು ವಾರ ಹಟ ಹಿಡಿದು ಬಳಸಬೇಕು. ಗುಂಡಿಯನ್ನು ತಳ್ಳುವುದಲ್ಲ, ಬೇಕಾದ ದಿಕ್ಕಿಗೆ ಮೆಲ್ಲಗೆ ಒತ್ತುವುದು. ಕೆಂಪು ಟೊಪ್ಪಿಗೆ ಸವೆದು ನುಣುಪಾಗಿದ್ದರೆ ಚಿಂತೆ ಬೇಡ, ಬೇರೆ ಸಿಗುತ್ತದೆ. ಆದರೆ ಹಳೆಯ ಮತ್ತು ಹೊಸ ಮಾದರಿಗಳ ಟೊಪ್ಪಿಗೆಗಳ ಎತ್ತರ ಬೇರೆ, ಮಾದರಿ ಹೇಳಿಯೇ ತರಿಸಿ.

ಹೆಸರಿನಲ್ಲಿರುವ ಲೆಕ್ಕ

ಟಿ ಎಂಬುದು ಮುಖ್ಯ ಸಾಲು. ಎಕ್ಸ್ ಚಿಕ್ಕದು, ಹಗುರವಾದದ್ದು. ಡಬ್ಲ್ಯು, ಆಮೇಲೆ ಬಂದ ಪಿ, ಭಾರೀ ಕೆಲಸದವು. ಎಲ್ ಮತ್ತು ಇ ಕಡಿಮೆ ಬೆಲೆಯವು. ಟಿ ಸಾಲಿನಲ್ಲಿ 4ರಿಂದ ಆರಂಭವಾಗುವ ಮೂರಂಕಿಯವು 14 ಇಂಚಿನವು, 5ರಿಂದ ಆರಂಭವಾಗುವವು 15 ಇಂಚಿನವು. ನಡುವಿನ ಅಂಕಿ ತಲೆಮಾರು ಹೇಳುತ್ತದೆ: ಟಿ410 ಬಂದದ್ದು 2010ರಲ್ಲಿ, ಟಿ420 2011ರಲ್ಲಿ, ಟಿ430 2012ರಲ್ಲಿ, ಟಿ440 2013ರಲ್ಲಿ, ಟಿ450 2015ರಲ್ಲಿ, ಅಲ್ಲಿಂದ ವರ್ಷಕ್ಕೊಂದರಂತೆ 2019ರ ಟಿ490ವರೆಗೆ. 2020ರಲ್ಲಿ ಎಣಿಕೆ ಬದಲಾಗಿ ಟಿ14 ಎಂಬ ಹೆಸರು ಬಂತು. ಕೊನೆಯಲ್ಲಿ ಎಸ್ ಇದ್ದರೆ ತೆಳ್ಳಗಿನದು. ತೆಳ್ಳಗಿನದೆಂದರೆ ಬಹುಪಾಲು ರ‍್ಯಾಮ್‌ನ ಒಂದು ಭಾಗವನ್ನಾದರೂ ಮದರ್‌ಬೋರ್ಡಿಗೆ ಬೆಸೆದಿರುತ್ತಾರೆ ಎಂದು ತಿಳಿಯಿರಿ.

ಲೆನೊವೊ ಕೈಗೆ ಹೋದ ಮೇಲೆ ಥಿಂಕ್‌ಪ್ಯಾಡ್ ಕೆಟ್ಟಿತು ಎಂದು ಹೇಳುವವರಿದ್ದಾರೆ. ಒಪ್ಪಲಾರೆ. ಚೀನಾದ ಲೆನೊವೊ ಐಬಿಎಂನ ಪಿಸಿ ವಿಭಾಗವನ್ನು ಕೊಳ್ಳುವುದಾಗಿ ಪ್ರಕಟಿಸಿದ್ದು 2004ರ ಡಿಸೆಂಬರ್‌ನಲ್ಲಿ, ವ್ಯವಹಾರ ಮುಗಿದದ್ದು 2005ರ ಮೇ ತಿಂಗಳಲ್ಲಿ. ಯಮಾಟೊದ ಎಂಜಿನಿಯರುಗಳ ತಂಡ ಹಾಗೆಯೇ ಮುಂದುವರಿಯಿತು. ನಾನು ಮೆಚ್ಚುವ ಟಿ420, ಎಕ್ಸ್220, ಟಿ480 ಮೂರೂ ಲೆನೊವೊ ಕಾಲದವೇ. ಬದಲಾವಣೆಗಳನ್ನು ತಂದದ್ದು ಮಾಲೀಕರಿಗಿಂತ ಹೆಚ್ಚಾಗಿ ತೆಳ್ಳಗಾಗಬೇಕೆಂಬ ಹಂಬಲ, ಮತ್ತು ಅದು ಆಗ ಎಲ್ಲ ಕಂಪನಿಗಳಿಗೂ ಇತ್ತು.

2011, 2012, 2013

ಈ ಮೂರು ವರ್ಷಗಳನ್ನು ಗಮನವಿಟ್ಟು ನೋಡಿ. ಟಿ420 ಮತ್ತು ಎಕ್ಸ್220ರವರೆಗೆ ಥಿಂಕ್‌ಪ್ಯಾಡಿನ ಕೀಲಿಮಣೆಯಲ್ಲಿ ಏಳು ಸಾಲುಗಳಿದ್ದವು. ಹೋಮ್, ಎಂಡ್, ಪೇಜ್ ಅಪ್, ಪೇಜ್ ಡೌನ್, ಇನ್ಸರ್ಟ್, ಡಿಲೀಟ್ ಎಲ್ಲವೂ ಬಲಮೇಲ್ತುದಿಯಲ್ಲಿ ಒಟ್ಟಿಗೆ. ಎಫ್1ರಿಂದ ಎಫ್12ರವರೆಗೆ ನಾಲ್ಕು ನಾಲ್ಕರ ಗುಂಪು, ನಡುವೆ ತೆರಪು. 2009ರ ಟಿ400ಎಸ್‌ನಲ್ಲಿ ಡಿಲೀಟ್ ಮತ್ತು ಎಸ್ಕೇಪ್ ಕೀಲಿಗಳನ್ನು ದೊಡ್ಡದಾಗಿಸಿದ್ದರು. ಕಣ್ಣು ಕರಡಿನ ಮೇಲೆಯೇ ಇಟ್ಟು ಬೆರಳಿನಿಂದ ಜಾಗ ಹುಡುಕುವವರಿಗೆ ಇದಕ್ಕಿಂತ ಒಳ್ಳೆಯ ಲ್ಯಾಪ್‌ಟಾಪ್ ಕೀಲಿಮಣೆಯನ್ನು ನಾನು ಕಂಡಿಲ್ಲ. 2012ರಲ್ಲಿ ಟಿ430, ಎಕ್ಸ್230 ಬಂದಾಗ ಸಾಲುಗಳು ಆರಾದವು, ಕೀಲಿಗಳು ಬಿಡಿ ಬಿಡಿಯಾಗಿ ಚಪ್ಪಟೆಯಾದವು. ಒತ್ತುವ ಹದವೇನೋ ಚೆನ್ನಾಗಿಯೇ ಇದೆ. ಹೋದದ್ದು ಆ ತೆರಪುಗಳು, ಆ ಗುಂಪುಗಳು.

2013ರ ಟಿ440, ಎಕ್ಸ್240 ಇನ್ನೊಂದು ಹೆಜ್ಜೆ ಮುಂದೆ ಹೋಗಿ ಕೆಂಪು ಗುಂಡಿಗೆ ಜೊತೆಯಾಗಿದ್ದ ಮೂರು ಬಟನ್‌ಗಳನ್ನೇ ತೆಗೆದುಹಾಕಿದವು. ಟಚ್‌ಪ್ಯಾಡಿನ ಮೇಲಂಚನ್ನೇ ಒತ್ತಬೇಕಿತ್ತು. ಪರದೆಯ ಮೇಲಂಚಿನಿಂದ ಕೀಲಿಗಳ ಮೇಲೆ ಬೆಳಕು ಬೀರುತ್ತಿದ್ದ ಥಿಂಕ್‌ಲೈಟ್ ಎಂಬ ಪುಟ್ಟ ದೀಪವೂ ಆಗಲೇ ಹೋಯಿತು. ಬಳಕೆದಾರರು ಗಟ್ಟಿಯಾಗಿ ದೂರಿದರು. 2015ರ ಟಿ450, ಎಕ್ಸ್250ರಲ್ಲಿ ಬಟನ್‌ಗಳು ಮರಳಿದವು. ಹೀಗಾಗಿ ಟ್ರ್ಯಾಕ್‌ಪಾಯಿಂಟ್ ಬಳಸುವವರಿಗೆ ನನ್ನ ಮಾತು ನೇರ: ಎಷ್ಟೇ ಅಗ್ಗವಾಗಿ ಸಿಕ್ಕರೂ 2013ರ ತಲೆಮಾರು ಬೇಡ.

ಆದರೆ ಅದೇ ತಲೆಮಾರು ಕೊಟ್ಟ ಒಂದು ಒಳ್ಳೆಯ ಅನುಕೂಲವೂ ಇದೆ. ಒಳಗೊಂದು, ಹಿಂಭಾಗದಲ್ಲಿ ಕಳಚಬಹುದಾದ ಇನ್ನೊಂದು, ಹೀಗೆ ಎರಡು ಬ್ಯಾಟರಿಗಳು. ಯಂತ್ರ ನಿಲ್ಲಿಸದೆಯೇ ಹಿಂದಿನದನ್ನು ಬದಲಿಸಬಹುದು. ಮಧ್ಯಾಹ್ನ ಕರೆಂಟ್ ಹೋಗಿ ಸಂಜೆ ಬರುವ ಊರುಗಳಲ್ಲಿ ಇದು ದೊಡ್ಡ ಉಪಕಾರ. ಟಿ ಸಾಲಿನಲ್ಲಿ ಈ ಏರ್ಪಾಟು ಇದ್ದ ಕೊನೆಯ ಮಾದರಿ 2018ರ ಟಿ480.

ಯಾವುದು ಕೊಳ್ಳಬೇಕು

ಒಂದೇ ಉತ್ತರ ಬೇಕೆಂದರೆ ಟಿ480. ಎಂಟನೆಯ ತಲೆಮಾರಿನ ಇಂಟೆಲ್ ಪ್ರೊಸೆಸರ್‌ನಲ್ಲಿ ಐ3 ಬಿಟ್ಟರೆ ಎರಡರ ಬದಲು ನಾಲ್ಕು ಕೋರ್‌ಗಳಿವೆ. ರ‍್ಯಾಮ್‌ಗೆ ಎರಡು ಸ್ಲಾಟ್‌ಗಳಿವೆ, ಏನನ್ನೂ ಬೆಸೆದಿಲ್ಲ. ಮರುವರ್ಷದ ಟಿ490ರಲ್ಲಿ ಒಂದು ಭಾಗ ಬೆಸುಗೆ, ಒಂದೇ ಸ್ಲಾಟ್. ಇನ್ನೊಂದು ಕಾರಣ ವಿಂಡೋಸ್. ವಿಂಡೋಸ್ 10ಕ್ಕೆ ಮೈಕ್ರೋಸಾಫ್ಟ್ ಕೊಡುತ್ತಿದ್ದ ಬೆಂಬಲ 2025ರ ಅಕ್ಟೋಬರ್ 14ಕ್ಕೆ ಮುಗಿಯಿತು. ಥಿಂಕ್‌ಪ್ಯಾಡ್‌ಗಳ ಇಂಟೆಲ್ ಪ್ರೊಸೆಸರ್‌ಗಳಲ್ಲಿ ವಿಂಡೋಸ್ 11 ಅಧಿಕೃತವಾಗಿ ಒಪ್ಪುವುದು ಎಂಟನೆಯ ತಲೆಮಾರಿನಿಂದ ಈಚಿನವನ್ನು. ‘ನುಡಿ’ ಕನ್ನಡ ತಂತ್ರಾಂಶದ ಹಳೆಯ ಅಕ್ಷರಗಳಲ್ಲಿ, ಪುಟ ಜೋಡಿಸುವ ಪೇಜ್‌ಮೇಕರ್ ಕಡತದಲ್ಲಿಯೇ ಪುಟ ಕೇಳುವ ಮುದ್ರಣಾಲಯಗಳು ಈಗಲೂ ಇವೆ. ಅಂಥವರಿಗೆ ಕೆಲಸ ಮಾಡುವವರು ವಿಂಡೋಸ್ ಬಿಡುವಂತಿಲ್ಲ.

ಯೂನಿಕೋಡ್‌ನಲ್ಲಿ ಬರೆಯುವವರಿಗೆ ಆ ಬಂಧನವಿಲ್ಲ. ಲಿನಕ್ಸ್ ಹಾಕಿಕೊಂಡರೆ ಐಬಸ್ ಎಂಬ ಬೆರಳಚ್ಚು ತಂತ್ರಾಂಶದ ಮೂಲಕ ಕೆ.ಜಿ.ಪಿ., ಅಂದರೆ ನುಡಿಯಲ್ಲಿರುವ ಕೀಲಿ ವಿನ್ಯಾಸ ಸಿಗುತ್ತದೆ, ಟಿ420 ಅಥವಾ ಎಕ್ಸ್220 ಇವತ್ತಿಗೂ ಬರವಣಿಗೆಗೆ ಸಾಕು. ಎಸ್‌ಎಸ್‌ಡಿ ಮತ್ತು 8 ಜಿಬಿ ರ‍್ಯಾಮ್ ಇರಲಿ. ಈ ತಲೆಮಾರಿನ ಬಯೋಸ್, ಅಂದರೆ ಯಂತ್ರ ಹೊತ್ತಿದಾಗ ಮೊದಲು ಓಡುವ ತಂತ್ರಾಂಶ, ತಾನು ಬಲ್ಲ ವೈಫೈ ಕಾರ್ಡ್‌ಗಳನ್ನು ಮಾತ್ರ ಒಪ್ಪುತ್ತದೆ ಎಂಬುದು ನೆನಪಿರಲಿ. ಬೇರೆ ಕಾರ್ಡ್ ಕೊಂಡು ಹಣ ಕಳೆಯಬೇಡಿ. 2007ರ ಟಿ61ರಲ್ಲಿ ಎನ್‌ವಿಡಿಯಾ ಗ್ರಾಫಿಕ್ಸ್ ಇರುವವು ಚಿಪ್ ಕೆಡುವುದಕ್ಕೆ ಹೆಸರಾದವು, ಅವುಗಳ ಗೋಜು ಬೇಡ. 1995ರ 701ಸಿ ಎಲ್ಲಾದರೂ ಕಂಡರೆ ಮಾತ್ರ ತೆರೆದು ನೋಡಿ: ಜಾನ್ ಕಾರಿಡಿಸ್ ರೂಪಿಸಿದ ಅದರ ಕೀಲಿಮಣೆ ಮುಚ್ಚಳ ತೆರೆದಂತೆ ಎರಡೂ ಕಡೆ ರೆಕ್ಕೆಯಂತೆ ಚಾಚಿಕೊಳ್ಳುತ್ತದೆ. ನ್ಯೂಯಾರ್ಕಿನ ಆಧುನಿಕ ಕಲಾ ಸಂಗ್ರಹಾಲಯದಲ್ಲಿ ಅದಕ್ಕೆ ಜಾಗ ಸಿಕ್ಕಿದೆ.

ಅಂಗಡಿಯಲ್ಲಿ ನಿಂತು ಮಾಡಬೇಕಾದ ಪರೀಕ್ಷೆ

ಮೊದಲನೆಯದು ಬಯೋಸ್. ಯಂತ್ರ ಹೊತ್ತಿಸಿದ ಕೂಡಲೇ ಎಫ್1 ಒತ್ತಿ. ಪಾಸ್‌ವರ್ಡ್ ಕೇಳಿದರೆ, ಅಥವಾ ಒಳಗೆ ಬಿಟ್ಟರೂ ಸೆಕ್ಯುರಿಟಿ ಪುಟದಲ್ಲಿ ಸೂಪರ್‌ವೈಸರ್ ಪಾಸ್‌ವರ್ಡ್ ಜಾರಿಯಲ್ಲಿದ್ದರೆ, ಅಲ್ಲಿಗೇ ಬಿಟ್ಟುಬಿಡಿ. ‘ಒಳಗಿನ ಚಿಕ್ಕ ಸೆಲ್ ತೆಗೆದರೆ ಹೋಗುತ್ತದೆ’ ಎನ್ನುತ್ತಾರೆ, ಹೋಗುವುದಿಲ್ಲ. ಆ ಪಾಸ್‌ವರ್ಡ್ ಇರುವುದು ವಿದ್ಯುತ್ ಇಲ್ಲದೆಯೂ ನೆನಪಿಟ್ಟುಕೊಳ್ಳುವ ಚಿಪ್‌ನಲ್ಲಿ. ಮರೆತವರಿಗೆ ಕಂಪನಿಯ ಕೈಪಿಡಿ ಹೇಳುವ ದಾರಿ ಮದರ್‌ಬೋರ್ಡ್ ಬದಲಿಸುವುದೊಂದೇ. ಅದೇ ಪುಟದಲ್ಲಿ ಕಂಪ್ಯೂಟ್ರೇಸ್ ಅಥವಾ ಆಬ್ಸೊಲ್ಯೂಟ್ ಎಂಬ ಸಾಲು ಹುಡುಕಿ. ಕದ್ದ ಯಂತ್ರವನ್ನು ದೂರದಿಂದ ಪತ್ತೆಹಚ್ಚುವ ವ್ಯವಸ್ಥೆ ಅದು. ಸಕ್ರಿಯ ಎಂದಿದ್ದರೆ ಹಳೆಯ ಕಂಪನಿ ಇನ್ನೂ ಯಂತ್ರವನ್ನು ಬಿಟ್ಟುಕೊಟ್ಟಿಲ್ಲ ಎಂದರ್ಥ. ಅದನ್ನು ಬಿಡಿಸಿಕೊಂಡು ಬರುವ ಹೊಣೆ ಮಾರುವವರದು, ನಿಮ್ಮದಲ್ಲ.

ಆಮೇಲೆ ಕೀಲಿಮಣೆ. ನೋಟ್‌ಪ್ಯಾಡ್ ತೆರೆದು ಪ್ರತಿ ಕೀಲಿಯನ್ನೂ ಒತ್ತಿ. ಕನ್ನಡ ಬೆರಳಚ್ಚು ಮಾಡುವವರು ಎಫ್ ಕೀಲಿಯನ್ನು ಮತ್ತೆ ಮತ್ತೆ ಒತ್ತಿ ನೋಡಬೇಕು, ನುಡಿ ವಿನ್ಯಾಸದಲ್ಲಿ ಒತ್ತಕ್ಷರಗಳೆಲ್ಲ ಅದರ ಮೇಲೆಯೇ ನಿಂತಿವೆ. ಮಹಾಪ್ರಾಣಗಳಿಗೆ ಬೇಕಾದ ಎರಡೂ ಶಿಫ್ಟ್‌ಗಳನ್ನು ತುದಿಯಲ್ಲಿಯೂ ಒತ್ತಿ ನೋಡಿ. ಎಡಗೆಳಗಿನ ಮೂಲೆಯಲ್ಲಿ ಕಂಟ್ರೋಲ್ ಬದಲು ಎಫ್‌ಎನ್ ಇದೆಯೆಂದು ಹಿಂಜರಿಯಬೇಡಿ, ಟಿ420ರಿಂದ ಈಚೆಗೆ ಬಯೋಸ್‌ನಲ್ಲಿಯೇ ಎರಡನ್ನೂ ಅದಲುಬದಲು ಮಾಡಬಹುದು.

ಪರದೆಯ ವಿಷಯದಲ್ಲಿ ರಾಜಿ ಬೇಡ. ಟಿ480ರಲ್ಲಿಯೂ 1366x768ರ ಮಂಕು ಪರದೆ ಇರುವವು ಬರುತ್ತವೆ. ಅದರಲ್ಲಿ ದೀರ್ಘವೋ ಒತ್ತೋ ಎಂದು ಕಣ್ಣು ಕಿರಿದು ಮಾಡಿ ನೋಡುತ್ತ ಕೂರಬೇಕಾಗುತ್ತದೆ. 1920x1080ರ ಐಪಿಎಸ್ ಪರದೆಯದನ್ನೇ ಕೇಳಿ; ಪಕ್ಕದಿಂದ ನೋಡಿದಾಗ ಬಣ್ಣ ತಿರುಗದಿದ್ದರೆ ಅದು ಐಪಿಎಸ್.

ಬ್ಯಾಟರಿಯ ಆರೋಗ್ಯಕ್ಕೆ ವಿಂಡೋಸ್‌ನ ಬ್ಯಾಟರಿ ವರದಿ ತೆಗೆಸಿ, ಮೂಲ ಸಾಮರ್ಥ್ಯವನ್ನೂ ಈಗಿನದನ್ನೂ ಹೋಲಿಸಿ. ಟಿ480ರ ಒಳಗಿನದು 24 ವಾಟ್-ಗಂಟೆ. ಹಿಂದಿನದು 24, 48 ಅಥವಾ 72. ಹಿಂದಿನದು ಸೋತಿದ್ದರೆ ಬೆಲೆ ಇಳಿಸಿಕೊಂಡು ಹೊಸದು ಹಾಕಿಸಬಹುದು.

ಟಿ480ರ ಎಡಬದಿಯಲ್ಲಿ ಎರಡು ಯುಎಸ್‌ಬಿ-ಸಿ ಕಿಂಡಿಗಳಿವೆ. ಎರಡರಲ್ಲಿಯೂ ಚಾರ್ಜ್ ಆಗುತ್ತದೆಯೇ ನೋಡಿ. ಅವುಗಳಲ್ಲಿ ಥಂಡರ್‌ಬೋಲ್ಟ್ ಎಂಬ ವೇಗದ ಕಿಂಡಿಯನ್ನು ನಡೆಸುವ ಒಳತಂತ್ರಾಂಶವೇ ಅದರ ಫರ್ಮ್‌ವೇರ್. ಆ ಕಾಲದ ಥಂಡರ್‌ಬೋಲ್ಟ್ ಫರ್ಮ್‌ವೇರ್‌ನಲ್ಲಿದ್ದ ದೋಷದಿಂದ ಕಿಂಡಿ ಕೆಲಸ ನಿಲ್ಲಿಸುವ ಸಂಭವವಿತ್ತು. ಲೆನೊವೊ ತಿದ್ದುಪಡಿ ಕೊಟ್ಟಿದೆ. ಮನೆಗೆ ತಂದ ದಿನವೇ, ಬೇರೇನೂ ಮಾಡುವ ಮೊದಲು, ಬಯೋಸ್ ಮತ್ತು ಥಂಡರ್‌ಬೋಲ್ಟ್ ಫರ್ಮ್‌ವೇರ್ ಎರಡನ್ನೂ ನವೀಕರಿಸಿ.

ರ‍್ಯಾಮ್ ಹೆಚ್ಚಿಸಲು ಅಂಗಡಿಗೆ ಹೋಗಬೇಕಿಲ್ಲ. ಪ್ರತಿ ಮಾದರಿಗೂ ಬಿಚ್ಚುವ ಕ್ರಮ, ಸ್ಕ್ರೂಗಳ ಜಾಗ, ಬಿಡಿಭಾಗದ ಸಂಖ್ಯೆಗಳಿರುವ ದುರಸ್ತಿ ಕೈಪಿಡಿಯನ್ನು ಕಂಪನಿ ಉಚಿತವಾಗಿ ಕೊಡುತ್ತದೆ. ಐಬಿಎಂ ಕಾಲದಿಂದ ಬಂದ ಈ ಪದ್ಧತಿಯೇ ಇಷ್ಟು ಹಳೆಯ ಯಂತ್ರಗಳು ಇನ್ನೂ ಓಡುತ್ತಿರಲು ದೊಡ್ಡ ಕಾರಣ ಎಂದು ನಾನು ನಂಬಿದ್ದೇನೆ. ಟಿ480 ಬಿಚ್ಚುವ ಮೊದಲು ಬಯೋಸ್‌ನ ಪವರ್ ಪುಟದಲ್ಲಿ ಒಳಗಿನ ಬ್ಯಾಟರಿಯನ್ನು ನಿಷ್ಕ್ರಿಯಗೊಳಿಸಿ, ಹಿಂದಿನದನ್ನು ಕಳಚಿ, ಆಮೇಲೆ ತಳದ ಸ್ಕ್ರೂಗಳನ್ನು ಸಡಿಲಿಸಿ. ಕೆಲಸ ಮುಗಿದ ಮೇಲೆ ಚಾರ್ಜರ್ ಸಿಕ್ಕಿಸಿದರೆ ಒಳಗಿನ ಬ್ಯಾಟರಿ ತಾನಾಗಿಯೇ ಸಕ್ರಿಯವಾಗುತ್ತದೆ.